ಐದು ಕೆ.ಜಿ. ದೂರದ ಒಲಿಂಪಿಕ್ಸ್

2024ರ ಆಗಸ್ಟ್‌ನಲ್ಲಿ ವಿನೇಶ್ ಫೋಗಟ್ 100 ಗ್ರಾಂ ಹೆಚ್ಚು ತೂಗಿದ್ದಕ್ಕೆ ಒಲಿಂಪಿಕ್ಸ್ ಫೈನಲ್ ಕಳೆದುಕೊಂಡರಲ್ಲ, ಆಗ ಹಾಲಿನ ಡೇರಿಯಿಂದ ಬಸ್ ಸ್ಟ್ಯಾಂಡಿನವರೆಗೆ ಎಲ್ಲರ ಬಾಯಲ್ಲೂ 50 ಕೆ.ಜಿ.ಯದೇ ಮಾತು. ಅದೇ 50 ಕೆ.ಜಿ. ಲೆಕ್ಕದಲ್ಲಿ ಸಿಕ್ಕಿಕೊಂಡ ಇನ್ನೊಬ್ಬರಿದ್ದಾರೆ. ವಿನೇಶ್‌ಗೆ ತೂಕ ಇಳಿಸುವ ಕಷ್ಟವಾದರೆ, ಇವರಿಗೆ ತೂಕ ಸಾಲದ ಕಷ್ಟ. ಫಿಲಿಪೀನ್ಸ್‌ನ ಕರಾಟೆ ಆಟಗಾರ್ತಿ ಜುನ್ನಾ ತ್ಸುಕೀ ಅವರ ಕಥೆಯನ್ನು ಇವತ್ತು ಹೇಳುತ್ತೇವೆ.

ಜುನ್ನಾ ಹುಟ್ಟಿದ್ದು 1991ರಲ್ಲಿ, ಮನಿಲಾ ಪಕ್ಕದ ಪಸಾಯ್ ನಗರದಲ್ಲಿ. ತಾಯಿ ಫಿಲಿಪೀನ್ಸ್‌ನವರು, ತಂದೆ ಜಪಾನಿನವರು. ಬೆಳೆದದ್ದು ಜಪಾನಿನಲ್ಲಿ. ಕರಾಟೆ ಕಲಿಸಿದ ಮೊದಲ ಗುರು ತಂದೆಯೇ. ಆದರೆ ಜಪಾನ್ ಎಂದರೆ ಕರಾಟೆಯ ತವರು. ಅಲ್ಲಿ ರಾಷ್ಟ್ರೀಯ ತಂಡಕ್ಕೆ ನೂಕುನುಗ್ಗಲು. 2017ರಲ್ಲಿ ಜುನ್ನಾ ತಾಯಿಯ ದೇಶದ ಪರ ಆಡಲು ಬಂದರು. ಅದೇ ವರ್ಷ ಕ್ವಾಲಾಲಂಪುರದ ಆಗ್ನೇಯ ಏಷ್ಯಾ ಕ್ರೀಡಾಕೂಟದಲ್ಲಿ ಕಂಚು, 2018ರ ಜಕಾರ್ತಾ ಏಷ್ಯನ್ ಗೇಮ್ಸ್‌ನಲ್ಲಿ ಇನ್ನೊಂದು ಕಂಚು. 2019ರ ಡಿಸೆಂಬರ್‌ನಲ್ಲಿ ಆಗ್ನೇಯ ಏಷ್ಯಾ ಕೂಟ ಫಿಲಿಪೀನ್ಸ್‌ಗೇ ಬಂತು. ಕರಾಟೆ ನಡೆದದ್ದು ಅವರು ಹುಟ್ಟಿದ ಪಸಾಯ್‌ನಲ್ಲೇ. ಅಲ್ಲಿ 50 ಕೆ.ಜಿ. ವಿಭಾಗದ ಚಿನ್ನ ಅವರದಾಯಿತು.

ಅವರು ಆಡುವುದು ಕುಮಿಟೆ, ಅಂದರೆ ಎದುರಾಳಿಯ ಜೊತೆಗಿನ ಕಾದಾಟ. ಮೂರು ನಿಮಿಷದ ಆಟ. ಗುದ್ದಿಗೆ ಒಂದು ಅಂಕ, ಹೊಟ್ಟೆ ಬೆನ್ನಿಗೆ ಒದ್ದರೆ ಎರಡು, ತಲೆ ಮಟ್ಟದ ಒದೆತಕ್ಕೆ ಮೂರು. ಆದರೆ ಏಟು ಹಿಡಿತದಲ್ಲಿರಬೇಕು, ಜೋರಾಗಿ ಬಿದ್ದರೆ ಹೊಡೆದವರಿಗೇ ದಂಡ. ಹಾಗಾದರೆ ತೂಕದಿಂದ ಏನು ವ್ಯತ್ಯಾಸ ಎಂದು ನಾವೂ ಕೇಳಿಕೊಂಡೆವು. ಉತ್ತರ ಕೈಕಾಲಿನಲ್ಲಿದೆ. ಹೆಚ್ಚು ತೂಗುವವರು ಸಾಮಾನ್ಯವಾಗಿ ಎತ್ತರ ಇರುತ್ತಾರೆ, ಅವರ ಕೈ ನಾಲ್ಕು ಬೆರಳು ಮುಂದಕ್ಕೆ ಚಾಚುತ್ತದೆ. ಅಂಕ ಬೀಳಲು ಅಷ್ಟು ಸಾಕು.

ಹೆಂಗಸರ ಕುಮಿಟೆಗೆ ವಿಶ್ವ ಚಾಂಪಿಯನ್‌ಶಿಪ್‌ನಲ್ಲಿ ಜಾಗ ಸಿಕ್ಕಿದ್ದೇ 1982ರಲ್ಲಿ. ಬಹಳ ಕಾಲ ಅತಿ ಕಡಿಮೆ ತೂಕದ ವಿಭಾಗ ಎಂದರೆ 53 ಕೆ.ಜಿ. 50ರ ವಿಭಾಗ ವಿಶ್ವ ಕೂಟದಲ್ಲಿ ಕಾಣಿಸಿಕೊಂಡದ್ದು 2010ರಲ್ಲಿ. ಇಷ್ಟು ತಡವಾಗಿ ಬಂದ ಈ ಸಣ್ಣ ಮೈಕಟ್ಟಿನವರ ಜಾಗವನ್ನು ಒಲಿಂಪಿಕ್ಸ್ ಮತ್ತೆ ಅಳಿಸಿತು.

ಟೋಕಿಯೋ ಒಲಿಂಪಿಕ್ಸ್‌ಗೆ ಕರಾಟೆ ಮೊದಲ ಬಾರಿ ಸೇರಿದಾಗ ಹೆಂಗಸರ ಐದು ತೂಕಗಳನ್ನು ಮೂರಕ್ಕೆ ಇಳಿಸಿದರು. 50 ಮತ್ತು 55 ಒಂದಾಗಿ 55 ಆಯಿತು. ಸಾಲದೆಂಬಂತೆ 2019ರ ಫೆಬ್ರವರಿಯಲ್ಲೇ 2024ರ ಪ್ಯಾರಿಸ್ ಸಂಘಟಕರು ಕರಾಟೆಯನ್ನು ಬಿಟ್ಟು ಬ್ರೇಕ್‌ಡಾನ್ಸ್ ಆರಿಸಿಕೊಂಡಿದ್ದರು. ಹಾಗಾಗಿ ಟೋಕಿಯೋ ಒಂದೇ ಬಾಗಿಲು, ಅದೂ ಒಮ್ಮೆ ಮಾತ್ರ ತೆರೆಯುವಂಥದ್ದು.

2021ರಲ್ಲಿ ಏಪ್ರಿಲ್ ಮುಗಿದು ಮೇ ಶುರುವಾಗುವ ಹೊತ್ತಿಗೆ ಲಿಸ್ಬನ್‌ನಲ್ಲಿ ಕರಾಟೆ ಪ್ರೀಮಿಯರ್ ಲೀಗ್ ನಡೆಯಿತು. ತಮ್ಮದೇ 50 ಕೆ.ಜಿ.ಯಲ್ಲಿ ಜುನ್ನಾ ಚಿನ್ನ ಗೆದ್ದರು. ಸುಮಾರು ಆರು ವಾರ ಕಳೆದು, ಜೂನ್‌ನಲ್ಲಿ, ಪ್ಯಾರಿಸ್‌ನಲ್ಲಿ ಕೊನೆಯ ಅರ್ಹತಾ ಪಂದ್ಯಾವಳಿ. ಇಲ್ಲಿ 55 ಕೆ.ಜಿ. ಮೊದಲ ಮೂವರಿಗಷ್ಟೇ ಟೋಕಿಯೋ ಟಿಕೆಟ್. ಆ ಮೂವರಲ್ಲಿ ಜುನ್ನಾ ಇರಲಿಲ್ಲ.

ಎಲ್ಲವನ್ನೂ ತೂಕದ ಮೇಲೆ ಹಾಕುವುದು ನ್ಯಾಯವಲ್ಲ. ಆಸ್ಟ್ರಿಯಾದ ಬೆಟಿನಾ ಪ್ಲಾಂಕ್ ಕೂಡ 50ರಲ್ಲೇ ಆಡುವವರು. ಟೋಕಿಯೋದಲ್ಲಿ 55ರಲ್ಲಿ ಆಡಿ ಕಂಚು ತಂದರು. ಆದರೂ ನಮಗೆ ಅನಿಸುವುದು ಇಷ್ಟು: ಹತ್ತಿರ ಹತ್ತಿರ ಹತ್ತೇ ಮಂದಿಗೆ ಜಾಗ ಇರುವಲ್ಲಿ ಎರಡು ತೂಕದವರನ್ನು ಒಟ್ಟಿಗೆ ತುಂಬಿದರೆ ಹೊರಗೆ ಉಳಿಯುವವರಲ್ಲಿ ಸಣ್ಣ ಮೈಯವರೇ ಹೆಚ್ಚು. ಅದೇ ಟೋಕಿಯೋದಲ್ಲಿ ಫಿಲಿಪೀನ್ಸ್ ತನ್ನ ಇತಿಹಾಸದ ಮೊದಲ ಒಲಿಂಪಿಕ್ಸ್ ಚಿನ್ನ ಕಂಡಿತು. ಗೆದ್ದವರು ವೇಟ್‌ಲಿಫ್ಟರ್ ಹಿಡಿಲಿನ್ ಡಯಾಜ್, 55 ಕೆ.ಜಿ. ವಿಭಾಗದಲ್ಲಿ!

ಜುನ್ನಾ ಅಲ್ಲಿಗೇ ನಿಲ್ಲಲಿಲ್ಲ. ಒಲಿಂಪಿಕ್ಸ್‌ನಲ್ಲಿ ಜಾಗ ಸಿಗದ ಆಟಗಳಿಗಾಗಿ ನಾಲ್ಕು ವರ್ಷಕ್ಕೊಮ್ಮೆ ವರ್ಲ್ಡ್ ಗೇಮ್ಸ್ ನಡೆಯುತ್ತದೆ. ನಮ್ಮ ಹಗ್ಗಜಗ್ಗಾಟವೂ ಅಲ್ಲಿದೆ, ಗೊತ್ತಿರಲಿ. ಕೊರೊನಾದಿಂದ ಒಂದು ವರ್ಷ ಮುಂದೆ ಹೋದ ಈ ಕೂಟ 2022ರ ಜುಲೈನಲ್ಲಿ ಅಮೆರಿಕದ ಅಲಬಾಮಾ ರಾಜ್ಯದ ಬರ್ಮಿಂಗ್‌ಹ್ಯಾಮ್‌ನಲ್ಲಿ ನಡೆಯಿತು. ಪ್ರತಿ ವಿಭಾಗಕ್ಕೂ ಎಂಟೇ ಮಂದಿ. ಆದರೆ ಇಲ್ಲಿ 50 ಎಂದರೆ 50. ಫೈನಲ್‌ನಲ್ಲಿ ವೆನೆಜುವೆಲಾದ ಯೋರ್ಗೆಲಿಸ್ ಸಲಜಾರ್ ಎದುರು. ಎದುರಾಳಿಗೆ ಒಂದು ಅಂಕವನ್ನೂ ಬಿಡದೆ ಜುನ್ನಾ 2-0ಯಿಂದ ಗೆದ್ದರು. ಆಗ ಅವರ ವಯಸ್ಸು 30.

ಆ ಚಿನ್ನ ಒಲಿಂಪಿಕ್ಸ್ ಪಟ್ಟಿಯಲ್ಲಿ ಎಲ್ಲೂ ಬರುವುದಿಲ್ಲ. 2028ರ ಲಾಸ್ ಏಂಜಲೀಸ್‌ನಲ್ಲೂ ಕರಾಟೆ ಇಲ್ಲ. ಕಬಡ್ಡಿಯೂ ಇಲ್ಲ ಬಿಡಿ, ಅದನ್ನು ಇನ್ನೊಮ್ಮೆ ಬರೆಯುತ್ತೇವೆ.