ತಕರಾರಿನೊಡನೆ ಪಡೆದ ಹಣ

ಹುಬ್ಬಳ್ಳಿಯ ಮಗ್ಗುಲಲ್ಲಿರುವ ತಾರಿಹಾಳದ ಹೆಸರನ್ನು ಕೇಳಿದವರಿಗೆ ಇಂದು ಮೊದಲು ನೆನಪಾಗುವುದು ಅಲ್ಲಿಯ ಕೈಗಾರಿಕಾ ಪ್ರದೇಶವೇ ಹೊರತು ಹೊಲಗಳಲ್ಲ. ಇಂತಹ ಕಡೆಗಳಲ್ಲಿ ಹೊಲವು ಕಾರ್ಖಾನೆಯ ನಿವೇಶನವಾಗುವುದಕ್ಕೆ ಮುನ್ನ ಒಂದು ಕಾಗದದ ವ್ಯವಹಾರ ನಡೆಯುತ್ತದೆ. ಸರ್ಕಾರವು ಗೊತ್ತುಮಾಡಿದ ಪರಿಹಾರದ ಹಣವನ್ನು ಒಕ್ಕಲಿಗನು ಪಡೆದು ರಸೀದಿಗೆ ಸಹಿ ಹಾಕುತ್ತಾನೆ. ಬೆಲೆ ಸಾಲದೆಂಬುದು ಅವನ ಮನಸ್ಸಿನಲ್ಲಿದೆ. ಆದರೆ ಮನೆಯಲ್ಲಿ ಸಾಲವೋ ಮದುವೆಯೋ ಇದ್ದು, ಬಂದ ಹಣವನ್ನು ಬೇಡವೆನ್ನುವ ಸ್ಥಿತಿಯಲ್ಲಿ ಅವನಿಲ್ಲ. ಹಾಗೆ ಹಣ ಪಡೆದಮಾತ್ರಕ್ಕೆ, ಹೆಚ್ಚಿನ ಬೆಲೆಯನ್ನು ಕೇಳುವ ತನ್ನ ಹಕ್ಕನ್ನು ಅವನು ತಾನಾಗಿಯೇ ಬಿಟ್ಟುಕೊಟ್ಟನೆಂದು ನ್ಯಾಯಾಸ್ಥಾನವು ಎಣಿಸಬೇಕೆ?

ಈ ಪ್ರಶ್ನೆಯ ಬೇರು ಹಳೆಯದು, ಅದೂ ನಮ್ಮ ನಾಡಿನದೇ. ತನ್ನ ಭೂಮಿಯನ್ನು ಪರರು ಅನುಭವಿಸುತ್ತಿರುವುದನ್ನು ಕಣ್ಣಾರೆ ಕಂಡೂ ಇಪ್ಪತ್ತು ವರ್ಷ ಸುಮ್ಮನಿದ್ದವನಿಗೆ ಹಾನಿಯುಂಟೆಂದು ಯಾಜ್ಞವಲ್ಕ್ಯಸ್ಮೃತಿಯು ಹೇಳುತ್ತದೆ. ಚರಸ್ವತ್ತಿಗಾದರೆ ಹತ್ತು ವರ್ಷ. ಹಾನಿ ಯಾವುದರದು? ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ಕಲ್ಯಾಣದಲ್ಲಿದ್ದು ಮಿತಾಕ್ಷರೆಯನ್ನು ಬರೆದ ವಿಜ್ಞಾನೇಶ್ವರನು ಇಲ್ಲಿ ತಡೆದು ನಿಲ್ಲುತ್ತಾನೆ. ಮಾತನಾಡದಿದ್ದ ಮಾತ್ರಕ್ಕೆ ಒಡೆತನವು ಹೋಗದು, ಹೋಗುವುದು ಅಷ್ಟು ಕಾಲದ ಫಲ ಮಾತ್ರ ಎಂಬುದು ಅವನ ನಿರ್ಣಯ. ಅದೇ ಗ್ರಂಥದ ದಾಯಭಾಗದ ಪ್ರಕರಣದಲ್ಲಿ ಇನ್ನೊಂದು ಮಾತುಂಟು: ದುಡಿದು ಬದುಕಬಲ್ಲ ಮಗನು ಪಾಲು ಬೇಡವೆಂದರೆ, ಅವನ ಕೈಗೆ ಅಲ್ಪವಾದರೂ ಏನನ್ನಾದರೂ ಕೊಟ್ಟೇ ಬೇರೆ ಮಾಡಬೇಕು, ಮುಂದೆ ಅವನ ಮಕ್ಕಳು ಪಾಲು ಕೇಳಬಾರದೆಂಬುದು ಅದರ ಉದ್ದೇಶ. ಬಾಯಿಮಾತಿನ ತ್ಯಾಗವನ್ನು ಆ ಕಾಲದ ವಿದ್ವಾಂಸರೂ ಪೂರ್ತಿಯಾಗಿ ನಂಬಲಿಲ್ಲವೆಂದು ಇದರಿಂದ ನನಗೆ ತೋರುತ್ತದೆ.

ಆಂಗ್ಲರ ಆಳಿಕೆಯಲ್ಲಿ ಬಂದ 1894ರ ಭೂಸ್ವಾಧೀನ ಕಾಯ್ದೆಯು ಇದೇ ವಿಷಯವನ್ನು ಒಂದೆರಡು ಪದಗಳಿಗೆ ಕಟ್ಟಿಹಾಕಿತು. ಅದರ 31ನೆಯ ಕಲಮಿನಂತೆ, ಮೊಬಲಗು ಸಾಲದೆಂದು ತಕರಾರು ಹೇಳಿ ಹಣವನ್ನು ಪಡೆಯಬಹುದು. ತಕರಾರಿಲ್ಲದೆ ಪಡೆದವನು ಮಾತ್ರ 18ನೆಯ ಕಲಮಿನ ಮೇರೆಗೆ ಬೆಲೆಯ ಪ್ರಶ್ನೆಯನ್ನು ಕೋರ್ಟಿಗೆ ಒಯ್ಯುವಂತಿಲ್ಲ. ಓದುಬರಹ ಬಲ್ಲವನಿಗೆ ಇದು ಅರ್ಧ ಸಾಲಿನ ಕೆಲಸ. ಹೆಬ್ಬೆಟ್ಟೊತ್ತುವವನಿಗೆ ಆ ಅರ್ಧ ಸಾಲನ್ನು ಬರೆದುಕೊಡುವವರಾರು? ಗುಮಾಸ್ತನ ಮರ್ಜಿಯ ಮೇಲೆ ನಿಂತ ಹಕ್ಕು ಅದು. 1994ರಲ್ಲಿ ಪಂಜಾಬಿನ ಒಂದು ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಈ ಬಿಗಿಯನ್ನು ಸಡಿಲಿಸಿತು. ಹೆಚ್ಚಿನ ಬೆಲೆಗಾಗಿ 18ನೆಯ ಕಲಮಿನ ಅರ್ಜಿಯನ್ನು ಹಾಕಿದುದೇ ಭೂಮಾಲೀಕರ ಮನಸ್ಸನ್ನು ತೋರಿಸುತ್ತದೆ. ಹಣ ಪಡೆದಿದ್ದರೂ ತಕರಾರು ಅದರಲ್ಲಿ ಅಡಗಿದೆಯೆಂದೇ ತಿಳಿಯಬೇಕೆಂದು ಅದು ಹೇಳಿತು. ರಸೀದಿಯ ಅಕ್ಷರಕ್ಕಿಂತ ನಡತೆಯು ಮೇಲಾಯಿತು.

ನಡತೆಯನ್ನು ನೋಡುವುದೆಂದರೆ ಯಾವಾಗಲೂ ದುರ್ಬಲನ ಪರವಾಗಿ ನೋಡುವುದೆಂದಲ್ಲ. 1957ರಲ್ಲಿ ತೀರ್ಮಾನವಾದ ರಾಜಸ್ಥಾನದ ಒಬ್ಬ ವಕೀಲರ ಪ್ರಕರಣವನ್ನು ನೋಡಬಹುದು. ಅವರ ಮೇಲಿನ ದೂರನ್ನು ವಿಚಾರಿಸಿದ ಮಂಡಳಿಯ ಅಧ್ಯಕ್ಷರು ಹಿಂದೊಮ್ಮೆ ದೂರುದಾರನ ಪರವಾಗಿ ವಾದಿಸಿದ್ದವರು. ಆಕ್ಷೇಪವು ಬಲವಾದುದೆಂದು ಸುಪ್ರೀಂ ಕೋರ್ಟು ಒಪ್ಪಿತು. ಆದರೆ ಸಂಗತಿಯನ್ನು ಬಲ್ಲ ವಕೀಲರು ವಿಚಾರಣೆ ಮುಗಿಯುವವರೆಗೂ ತುಟಿ ಬಿಚ್ಚದೆ, ವರದಿಯು ತಮಗೆ ವಿರುದ್ಧವಾಗಿ ಬಂದ ಮೇಲೆ ದೂರಿದುದರಿಂದ, ಆ ಹಕ್ಕನ್ನು ಬಿಟ್ಟುಕೊಟ್ಟರೆಂದೇ ತೀರ್ಪಾಯಿತು. ಸೋತಮೇಲೆ ತೂಕದ ಕಲ್ಲನ್ನು ದೂರಿದರೆ ಯಾರು ಕೇಳುತ್ತಾರೆ?

ತಿಳಿವಿನ ಈ ಮಾತನ್ನು ಇನ್ನೂ ಮುಂದಕ್ಕೊಯ್ದುದು 1978ರ ಡಿಸೆಂಬರಿನ ಮೋತಿಲಾಲ್ ಪದಂಪತ್ ಸಕ್ಕರೆ ಕಾರ್ಖಾನೆಯ ತೀರ್ಪು. ಮೂರು ವರ್ಷ ಮಾರಾಟ ತೆರಿಗೆಯಿಲ್ಲವೆಂದು ಭರವಸೆಯಿತ್ತ ಉತ್ತರ ಪ್ರದೇಶ ಸರ್ಕಾರವು ಮಾತು ತಪ್ಪಿ, ಬಳಿಕ ಕಾರ್ಖಾನೆಯವರೇ ಅರೆ ರಿಯಾಯಿತಿಗೆ ಒಪ್ಪಿ ಪತ್ರ ಬರೆದು ಪೂರ್ಣ ಹಕ್ಕನ್ನು ಬಿಟ್ಟರೆಂದು ವಾದಿಸಿತು. ನ್ಯಾಯಮೂರ್ತಿ ಪಿ. ಎನ್. ಭಗವತಿಯವರು ಅದನ್ನೊಪ್ಪಲಿಲ್ಲ. ತನಗೆ ಹಕ್ಕುಂಟೆಂದು ತಿಳಿಯದವನು ಅದನ್ನು ಬಿಡುವುದು ಹೇಗೆ? ಬಿಟ್ಟನೆನ್ನುವವರೇ ಅದನ್ನು ಹೇಳಿಕೆಯಲ್ಲಿ ಎತ್ತಿ ರುಜುವಾತು ಮಾಡಬೇಕು. ಎಲ್ಲರೂ ಕಾನೂನನ್ನು ಬಲ್ಲರೆಂಬ ಊಹೆಗೆ ಆಧಾರವಿಲ್ಲವೆಂದೂ ಅವರು ಸ್ಪಷ್ಟಪಡಿಸಿದರು. ತಿಳಿಯದೆ ಮಾಡಿದ ತಪ್ಪಿಗೆ ಕ್ಷಮೆಯಿಲ್ಲವೆಂಬುದು ಬೇರೆ ಮಾತು.

ತಾರಿಹಾಳದಂತಹ ಪ್ರದೇಶಗಳಿಗೆ ಸಂಬಂಧಿಸಿದ 1966ರ ಕರ್ನಾಟಕ ಕೈಗಾರಿಕಾ ಪ್ರದೇಶಾಭಿವೃದ್ಧಿ ಕಾಯ್ದೆಯಲ್ಲಿ ಬೇರೊಂದು ದಾರಿಯಿದೆ. ಅದರ 29ನೆಯ ಕಲಮಿನಂತೆ ಸರ್ಕಾರವೂ ಭೂಮಾಲೀಕನೂ ಬೆಲೆಯನ್ನು ಕೂಡಿ ಒಪ್ಪಿದರೆ ಅದರಂತೆಯೇ ಹಣ ಸಲ್ಲಬೇಕು. ಒಪ್ಪಂದವಾಗದಿದ್ದರೆ ಬೆಲೆಯ ನಿರ್ಣಯವು ಡೆಪ್ಯುಟಿ ಕಮಿಷನರರಿಗೆ ಹೋಗಬೇಕು. ಒಪ್ಪಂದದ ತೂಕವೇನೆಂಬುದು, 1894ರ ಕಾಯ್ದೆಯ ಮೇರೆಗೆ ಕರ್ನಾಟಕದಿಂದಲೇ ಹೋದ ಇನ್ನೊಂದು ಮೊಕದ್ದಮೆಯಲ್ಲಿ 2005ರಲ್ಲಿ ತಿಳಿದುಬಂತು. ಒಪ್ಪಿಗೆಯ ಬೆಲೆಗೆ ಸಹಿ ಹಾಕಿ ಹಣ ಪಡೆದವರು ಮತ್ತೆ 18ನೆಯ ಕಲಮಿನ ಬಾಗಿಲನ್ನು ತಟ್ಟುವಂತಿಲ್ಲವೆಂದು ಸುಪ್ರೀಂ ಕೋರ್ಟು ಹೇಳಿತು. ಒಪ್ಪಂದವೆಂಬುದು ನಿಜವಾದ ಒಪ್ಪಂದವಾಗಿದ್ದಲ್ಲಿ ಈ ನಿಯಮವನ್ನು ನಾನು ಆಕ್ಷೇಪಿಸಲಾರೆ. ಆದರೆ ಹೊಲವನ್ನು ಹೇಗಾದರೂ ಕಳೆದುಕೊಳ್ಳಲೇಬೇಕಾದವನ ಒಪ್ಪಿಗೆಯು ಸಂತೆಯಲ್ಲಿ ಎತ್ತು ಮಾರುವವನ ಒಪ್ಪಿಗೆಯಂತಲ್ಲ. ಆ ಕಾಗದವನ್ನು ಅವನಿಗೆ ಕನ್ನಡದಲ್ಲಿ ಓದಿ ಹೇಳಿದರೆ, ಇಲ್ಲವೆ ಎಂಬುದನ್ನಾದರೂ ವಿಚಾರಿಸುವುದು ನ್ಯಾಯಾಸ್ಥಾನದ ಕರ್ತವ್ಯವೆಂದು ಭಾವಿಸುತ್ತೇನೆ.

1984ರ ತಿದ್ದುಪಡಿಯಿಂದ, ತಾನು ಅರ್ಜಿ ಹಾಕದಿದ್ದವನೂ ನೆರೆಹೊಲದವನಿಗೆ ಕೋರ್ಟು ಹೆಚ್ಚು ಬೆಲೆ ಕೊಡಿಸಿದರೆ ಮೂರು ತಿಂಗಳೊಳಗೆ ಅಷ್ಟನ್ನೇ ಕೇಳಲು ಅವಕಾಶವಾಯಿತು. ಹಳೆಯ ಕಾಯ್ದೆಯನ್ನು ತೆಗೆದುಹಾಕಿ 2014ರ ಜನವರಿ 1ರಿಂದ ಜಾರಿಗೆ ಬಂದ ಹೊಸ ಭೂಸ್ವಾಧೀನ ಕಾಯ್ದೆಯೂ ಆ ಅವಕಾಶವನ್ನು ಉಳಿಸಿಕೊಂಡಿದೆ. ತಕರಾರಿನ ಅರ್ಧ ಸಾಲನ್ನೂ ಅದು ಬಿಟ್ಟಿಲ್ಲ. ಈಗ ಅದು 77ನೆಯ ಕಲಮಿನಲ್ಲಿದೆ.