ಜಾಲಹಳ್ಳಿಯ ಹುಡುಗ, ಮೈಸೂರಿನ ಕಂಪನಿ, ಸಾಣಂದಿನ ಕಾರ್ಖಾನೆ

2025ರ ಅಕ್ಟೋಬರಿನಲ್ಲಿ ಅಹಮದಾಬಾದಿನ ಪಕ್ಕದ ಸಾಣಂದಿನಿಂದ ಅಮೆರಿಕದ ಆಲ್ಫಾ ಅಂಡ್ ಒಮೆಗಾ ಸೆಮಿಕಂಡಕ್ಟರ್ ಎಂಬ ಕಂಪನಿಗೆ 900 ಬಿಡಿಭಾಗಗಳು ಹೋದವು. ಬರೀ 900. ಚಿಪ್ ಉದ್ಯಮದ ಲೆಕ್ಕದಲ್ಲಿ ಇದು ಚಿಲ್ಲರೆಯೂ ಅಲ್ಲ. ಆದರೂ ಸುದ್ದಿಯಾಯಿತು, ಏಕೆಂದರೆ ಭಾರತದಲ್ಲಿ ವಾಣಿಜ್ಯಕ್ಕೆಂದು ತಯಾರಾದ ಮೊದಲ ಬಹುಚಿಪ್ ಮಾಡ್ಯೂಲುಗಳು ಅವು. ಒಂದೊಂದರ ಕಪ್ಪು ಕವಚದೊಳಗೂ 17 ಸಿಲಿಕಾನ್ ತುಣುಕುಗಳಿದ್ದವು: ಆರು ಐಜಿಬಿಟಿ, ಆರು ವೇಗದ ಡಯೋಡು, ಇನ್ನೂ ಮೂರು ಡಯೋಡು, ಇವನ್ನೆಲ್ಲ ಆಳುವ ಎರಡು ನಿಯಂತ್ರಕ ಚಿಪ್.

ಕಳಿಸಿದ್ದು ಕೇನ್ಸ್ ಸೆಮಿಕಾನ್. ಅದರ ಮಾತೃಸಂಸ್ಥೆ ಕೇನ್ಸ್ ಟೆಕ್ನಾಲಜಿ 1988ರಲ್ಲಿ ನಮ್ಮ ಮೈಸೂರಿನಲ್ಲಿ ಹುಟ್ಟಿದ್ದು. ಒಳಗಿದ್ದ ಆ ಆರು ಐಜಿಬಿಟಿಗಳ ಹಿಂದಿನ ಕಲ್ಪನೆಯನ್ನು ಕೆಲಸ ಮಾಡುವ ವಸ್ತುವಾಗಿ ಜಗತ್ತಿಗೆ ಕೊಟ್ಟವರು ಬಿ. ಜಯಂತ್ ಬಾಳಿಗ. ಅವರು ಬೆಳೆದದ್ದು ಬೆಂಗಳೂರಿನ ಹೊರವಲಯದ ಜಾಲಹಳ್ಳಿಯಲ್ಲಿ. ಹೀಗೆ ಎರಡು ಕಡೆಯಿಂದ ಕರ್ನಾಟಕದ ನಂಟಿರುವ ವಸ್ತು ತಯಾರಾದದ್ದು ಮಾತ್ರ ಗುಜರಾತಿನಲ್ಲಿ. ಇದು ಹೇಗಾಯಿತು ಎಂದು ಕೇಳಿದರೆ ಸಿಗುವ ಉತ್ತರ ರಾಜಕೀಯದ್ದು ಮಾತ್ರವಲ್ಲ.

ಮೊದಲು ಈ ವಸ್ತು ಏನೆಂದು ನೋಡೋಣ. ಚಿಪ್ ಎಂದೊಡನೆ ನಮಗೆ ನೆನಪಾಗುವುದು ಮೊಬೈಲು, ಕಂಪ್ಯೂಟರಿನೊಳಗಿನ ಲೆಕ್ಕಿಗ. ಅದನ್ನು ಊರಿನ ಶ್ಯಾನುಭೋಗ ಎಂದುಕೊಂಡರೆ ಪವರ್ ಸೆಮಿಕಂಡಕ್ಟರ್ ಎಂಬುದು ನೀರಗಂಟಿ. ಕೆರೆಯ ತೂಬು ಎತ್ತಿ, ಇಳಿಸಿ ಯಾವ ಗದ್ದೆಗೆ ಎಷ್ಟು ನೀರು ಎಂದು ನೋಡಿಕೊಳ್ಳುವವನು. ಇದೂ ಅಷ್ಟೇ: ನೂರಾರು ವೋಲ್ಟ್, ಹತ್ತಾರು ಆಂಪಿಯರ್ ವಿದ್ಯುತ್ತಿನ ತೂಬನ್ನು ಸೆಕೆಂಡಿಗೆ ಸಾವಿರಾರು ಸಲ ತೆರೆದು ಮುಚ್ಚುತ್ತದೆ. ಇನ್ವರ್ಟರ್ ಎಸಿ ಮೋಟಾರು ಬೇಕಾದಷ್ಟೇ ವೇಗದಲ್ಲಿ ತಿರುಗುವುದು, ಮೆಟ್ರೋ ರೈಲು ಜರ್ಕ್ ಇಲ್ಲದೆ ಹೊರಡುವುದು, ಛಾವಣಿಯ ಸೋಲಾರ್ ಫಲಕದ ಕರೆಂಟು ಮನೆಗೆ ಒಗ್ಗುವುದು, ವಿದ್ಯುತ್ ಕಾರು ಓಡುವುದು ಎಲ್ಲವೂ ಈ ನೀರಗಂಟಿಯ ಕೆಲಸ. ಇಲ್ಲಿ ಚಿಪ್ಪಿನ ಗೆರೆ ಎಷ್ಟು ಸಣ್ಣದು ಎಂಬುದು ಮುಖ್ಯವಲ್ಲ. ಎಷ್ಟು ಕರೆಂಟು ತಡೆದುಕೊಳ್ಳುತ್ತದೆ, ಎಷ್ಟು ಕಮ್ಮಿ ಬಿಸಿಯಾಗುತ್ತದೆ ಎಂಬುದೇ ಮುಖ್ಯ.

ಈ ಕೆಲಸವನ್ನು ಹಿಂದೆ ಪಾದರಸ ಮಾಡುತ್ತಿತ್ತು. ನಮ್ಮ ರೈಲ್ವೆಯ ಮೊದಲ 25 ಕಿಲೋವೋಲ್ಟ್ ಎಸಿ ಎಂಜಿನ್ನುಗಳಾದ ಡಬ್ಲ್ಯೂಎಎಂ-1 ಬಂದಾಗ ಅವುಗಳ ಹೊಟ್ಟೆಯೊಳಗೆ ಇದ್ದದ್ದು ಪಾದರಸದ ಇಗ್ನಿಟ್ರಾನ್‌ಗಳು. ಅಮೆರಿಕದ ಜನರಲ್ ಎಲೆಕ್ಟ್ರಿಕ್ 1957ರಲ್ಲಿ ಥೈರಿಸ್ಟರ್ ತಂದಮೇಲೆ ಸಿಲಿಕಾನ್ ಕಾಲ ಶುರುವಾಯಿತು. ಥೈರಿಸ್ಟರಿಗೆ ಒಂದು ಹಟವಿತ್ತು. ಒಮ್ಮೆ ತೆರೆದರೆ ತಾನಾಗಿ ಮುಚ್ಚದು. ಕರೆಂಟು ನಿಲ್ಲುವ ತನಕ ಕಾಯಬೇಕು, ಇಲ್ಲವೇ ಹೊರಗಿನಿಂದ ಬೇರೆ ಏರ್ಪಾಟು ಮಾಡಿ ನಿಲ್ಲಿಸಬೇಕು. ಇನ್ನೊಂದು ಬಗೆಯ ಸ್ವಿಚ್ಚಾದ ಮಾಸ್‌ಫೆಟ್ ಹೇಳಿದ ಮಾತು ಕೇಳುತ್ತಿತ್ತು, ಆದರೆ ವೋಲ್ಟೇಜು ಹೆಚ್ಚಿದರೆ ವಿಪರೀತ ಬಿಸಿಯಾಗುತ್ತಿತ್ತು. ಬಾಳಿಗರು 1980ರ ಸುಮಾರಿಗೆ ಜನರಲ್ ಎಲೆಕ್ಟ್ರಿಕ್‌ನ ಪ್ರಯೋಗಾಲಯದಲ್ಲಿ ಈ ಎರಡು ಸ್ವಭಾವಗಳನ್ನು ಒಂದೇ ಸಿಲಿಕಾನಿನಲ್ಲಿ ಕೂಡಿಸಿದರು. ಆ ಕಂಪನಿ ಬಲ್ಬು, ಫ್ರಿಜ್ಜು, ರೈಲು ಎಂಜಿನ್ನು ಎಲ್ಲವನ್ನೂ ತಯಾರಿಸುತ್ತಿದ್ದುದರಿಂದ ಹೊಸ ಸ್ವಿಚ್ಚಿಗೆ ಗಿರಾಕಿ ಮನೆಯೊಳಗೇ ಇದ್ದ. ಆಗಿನ ಮುಖ್ಯಸ್ಥ ಜ್ಯಾಕ್ ವೆಲ್ಚ್ ಒಪ್ಪಿಗೆ ಕೊಟ್ಟರು, 1983ರ ಹೊತ್ತಿಗೆ ಅದು ಮಾರುಕಟ್ಟೆಗೂ ಬಂತು. ಇದೇ ದಾರಿಯಲ್ಲಿ ಯೋಚಿಸಿದವರು ಆರ್‌ಸಿಎಯಲ್ಲಿಯೂ ಜಪಾನಿನಲ್ಲಿಯೂ ಇದ್ದರು, ಅವರ ಪೇಟೆಂಟುಗಳೂ ಇವೆ. ಆದರೆ ಅದನ್ನು ಬಳಕೆಗೆ ಬರುವಂತೆ ಮಾಡಿದ ಶ್ರೇಯಸ್ಸು ಬಾಳಿಗರದು. 2024ರಲ್ಲಿ ಫಿನ್ಲೆಂಡಿನ ಮಿಲೇನಿಯಂ ತಂತ್ರಜ್ಞಾನ ಪ್ರಶಸ್ತಿ ಬಂದದ್ದೂ ಅದಕ್ಕೇ.

ಮುಂದಿನದು ನನಗೆ ಹೆಚ್ಚು ಕುತೂಹಲದ ಸಂಗತಿ. ಜನರಲ್ ಎಲೆಕ್ಟ್ರಿಕ್ 1988ರಲ್ಲಿ ತನ್ನ ಸೆಮಿಕಂಡಕ್ಟರ್ ವ್ಯಾಪಾರವನ್ನೇ ಹ್ಯಾರಿಸ್ ಕಂಪನಿಗೆ ಮಾರಿಬಿಟ್ಟಿತು. ಬಾಳಿಗರು ಅದೇ ವರ್ಷ ನಾರ್ತ್ ಕ್ಯಾರೊಲಿನಾದ ವಿಶ್ವವಿದ್ಯಾಲಯಕ್ಕೆ ಹೋದರು. ಐಜಿಬಿಟಿಯನ್ನು ದೊಡ್ಡ ಉದ್ಯಮವಾಗಿ ಬೆಳೆಸಿದವರು ತೋಷಿಬಾ, ಮಿತ್ಸುಬಿಷಿ, ಫುಜಿ ಮತ್ತು ಜರ್ಮನಿಯ ಸೀಮೆನ್ಸ್. ಸೀಮೆನ್ಸಿನ ಆ ವಿಭಾಗವೇ 1999ರಲ್ಲಿ ಇನ್ಫಿನಿಯನ್ ಎಂದು ಬೇರೆಯಾಗಿ ಇವತ್ತು ಈ ಕ್ಷೇತ್ರದ ಹಿರಿಯಣ್ಣನಾಗಿದೆ. ಹಡೆದ ಮನೆ ಒಂದು, ಸಾಕಿದ ಮನೆ ಇನ್ನೊಂದು. ಈ ಉದ್ಯಮದಲ್ಲಿ ಇದು ಮತ್ತೆ ಮತ್ತೆ ನಡೆದಿದೆ.

ಇನ್ನು ಗುಜರಾತಿಗೆ ಬರೋಣ. ಅಲ್ಲಿನ ಸೆಮಿಕಂಡಕ್ಟರ್ ಕಥೆಯನ್ನು ಎಲ್ಲರೂ 2022ರ ಸರ್ಕಾರಿ ನೀತಿಯಿಂದ ಶುರುಮಾಡುತ್ತಾರೆ. ನನ್ನ ಪ್ರಕಾರ ವಡೋದರಾದಿಂದ ಶುರುಮಾಡಬೇಕು. ಸಯಾಜಿರಾವ್ ಗಾಯಕವಾಡರು 1890ರಲ್ಲಿ ಕಲಾಭವನ ಎಂಬ ತಾಂತ್ರಿಕ ಶಾಲೆ ತೆರೆದ ಊರು ಅದು. ಪಂಪು, ಮೋಟಾರು ಮಾಡುವ ಜ್ಯೋತಿ ಕಂಪನಿ 1943ರಿಂದ ಅಲ್ಲಿದೆ. ಮಾಣೇಜಾದಲ್ಲಿ ಹಿಂದೂಸ್ತಾನ್ ಬ್ರೌನ್ ಬೋವೆರಿ ಬಂತು, ಅದೇ ಮುಂದೆ ಎಬಿಬಿಯಾಯಿತು. 1960-70ರ ದಶಕಗಳಲ್ಲಿ ಕೊಯಾಲಿಯ ತೈಲಶುದ್ಧಿ ಕಾರ್ಖಾನೆ, ರಸಗೊಬ್ಬರ, ಪೆಟ್ರೋಕೆಮಿಕಲ್, ಕಾಸ್ಟಿಕ್ ಸೋಡಾ ಒಂದರ ಹಿಂದೆ ಒಂದು ಬಂದವು. ಉಪ್ಪುನೀರಿನಿಂದ ಕಾಸ್ಟಿಕ್ ಸೋಡಾ ತೆಗೆಯಲು ಭಾರಿ ಪ್ರಮಾಣದ ಡಿಸಿ ಕರೆಂಟು ಬೇಕು. ಗ್ರಿಡ್ಡಿನಿಂದ ಬರುವುದು ಎಸಿ. ನಡುವೆ ರೆಕ್ಟಿಫೈಯರ್ ಇಲ್ಲದೆ ನಡೆಯದು.

ವಡೋದರಾದಿಂದ ಪಾವಾಗಢ ಬೆಟ್ಟದ ಕಡೆ ಹೋದರೆ ಹಾಲೋಲ್ ಸಿಗುತ್ತದೆ. ಅಲ್ಲಿ ಡಯೋಡು, ಥೈರಿಸ್ಟರ್ ತಯಾರಿಸುವ ರತನ್‌ಶಾ ಇಂಟರ್‌ನ್ಯಾಷನಲ್ ರೆಕ್ಟಿಫೈಯರ್ ಎಂಬ ಕಂಪನಿ ಇದೆ. ಸ್ಥಾಪನೆಯಾದದ್ದು 1969ರಲ್ಲಿ, ಕ್ಯಾಲಿಫೋರ್ನಿಯಾದ ಇಂಟರ್‌ನ್ಯಾಷನಲ್ ರೆಕ್ಟಿಫೈಯರ್ ಜೊತೆಗೂಡಿ. ಆ ಅಮೆರಿಕನ್ ಕಂಪನಿ ಒಂದು ಕಾಲದಲ್ಲಿ ಮಾಸ್‌ಫೆಟ್ ಲೋಕದ ದೊಡ್ಡ ಹೆಸರು. 2015ರಲ್ಲಿ ಇನ್ಫಿನಿಯನ್ ಅದನ್ನು ನುಂಗಿತು. ಮೂಲದಲ್ಲಿ ಅಳಿದ ಹೆಸರು ಚಾಂಪಾನೇರ್ ರಸ್ತೆಯ ಕಾರ್ಖಾನೆಯ ಫಲಕದಲ್ಲಿ ಇನ್ನೂ ಹಲವು ವರ್ಷ ಉಳಿದಿತ್ತು. ಯಾವ ಪ್ರಧಾನಿಯೂ ಬಟನ್ ಒತ್ತಿ ಉದ್ಘಾಟಿಸಿದ ನೆನಪಿಲ್ಲದ ಈ ಕಾರ್ಖಾನೆ ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಬಾಳಿದೆ ಎಂಬುದೇ ನನಗೆ ದೊಡ್ಡ ಸುದ್ದಿ.

ನಮ್ಮಲ್ಲಿ ಏನೂ ಇರಲಿಲ್ಲ ಎಂದಲ್ಲ. ಇದ್ದದ್ದು ಹಾಲೋಲ್‌ಗಿಂತ ಹೆಚ್ಚೇ. ಜಾಲಹಳ್ಳಿಯ ಬಿಇಎಲ್ 1962ರಲ್ಲೇ ಜರ್ಮೇನಿಯಂ ಟ್ರಾನ್ಸಿಸ್ಟರ್ ಮಾಡುತ್ತಿತ್ತು, ಆಮೇಲೆ ಸಿಲಿಕಾನಿಗೂ ಹೋಯಿತು. ಮೈಸೂರು ರಸ್ತೆಯ ಬಿಎಚ್‌ಇಎಲ್ ದೊಡ್ಡ ಥೈರಿಸ್ಟರ್, ಡಯೋಡುಗಳನ್ನು ಮಾಡಿತು. ಆದರೆ ಇವು ಮುಖ್ಯವಾಗಿ ರಕ್ಷಣೆಗೆ, ಆಕಾಶವಾಣಿಗೆ, ರೈಲ್ವೆಗೆ, ವಿದ್ಯುತ್ ಮಂಡಳಿಗಳಿಗೆ ಬೇಕಾದಷ್ಟನ್ನು ಮಾಡಿಕೊಡುವ ಮನೆಗಳು. ಬೀದಿಯ ಗಿರಾಕಿಗೆ ಕೋಟಿಗಟ್ಟಲೆ ಮಾಡಿ, ವರ್ಷವರ್ಷ ದರ ಇಳಿಸುವ ಜೂಜು ಅವುಗಳದ್ದಲ್ಲ. ಸಾಫ್ಟ್‌ವೇರ್ ಬಂದಮೇಲೆ ಬೆಂಗಳೂರಿನ ಎಂಜಿನಿಯರು ಚಿಪ್ಪಿನ ವಿನ್ಯಾಸಕ್ಕೆ ಕೂತರು. ಅದರಲ್ಲಿ ದುಡ್ಡೂ ಇತ್ತು, ಮರ್ಯಾದೆಯೂ ಇತ್ತು. ಬೆಸುಗೆ ಹಾಕುವ, ಕವಚ ಹೊದಿಸುವ, ಪರೀಕ್ಷಿಸುವ ಕೆಲಸ ಮಲೇಷ್ಯಾ, ಚೀನಾ, ಫಿಲಿಪ್ಪೀನ್ಸ್ ಪಾಲಾಯಿತು. ಅದು ಕೂಲಿಕೆಲಸ ಎಂಬ ಭಾವನೆ ನಮ್ಮಲ್ಲಿ ಇವತ್ತೂ ಇದೆ.

ಪವರ್ ಸೆಮಿಕಂಡಕ್ಟರ್ ಮಟ್ಟಿಗಂತೂ ಆ ಭಾವನೆ ತಪ್ಪು. ಒಂದು ಐಜಿಬಿಟಿ ಮಾಡ್ಯೂಲಿನಲ್ಲಿ ಸಿಲಿಕಾನ್ ತುಣುಕನ್ನು ಶಾಖ ಸಾಗಿಸುವ ತಳಹದಿಯ ಮೇಲೆ ಒಂದು ಗುಳ್ಳೆಯೂ ಇರದಂತೆ ಅಂಟಿಸಬೇಕು. ಗುಳ್ಳೆಯಿದ್ದಲ್ಲಿ ಬಿಸಿ ನಿಂತು ಚಿಪ್ ಸಾಯುತ್ತದೆ. ಮೇಲಿನಿಂದ ಸಣ್ಣ ತಂತಿಗಳನ್ನು ಒತ್ತಿ ಕೂರಿಸಬೇಕು. ದಿನಕ್ಕೆ ನೂರು ಸಲ ಬಿಸಿಯಾಗಿ ತಣಿದರೂ ಅವು ಬಿಡಬಾರದು. ಸಾವಿರ ವೋಲ್ಟ್ ಇಟ್ಟು ಪರೀಕ್ಷಿಸಬೇಕು. ಮಾಡ್ಯೂಲು ಎಷ್ಟು ವರ್ಷ ಬಾಳುತ್ತದೆ ಎಂಬುದು ಬಹುಪಾಲು ಈ ಕವಚದ ಕುಶಲತೆಯ ಮೇಲೆ ನಿಂತಿದೆ.

ಇದಕ್ಕೊಂದು ಪುರಾವೆ ಸಾಣಂದಿನ ಆ 900 ಮಾಡ್ಯೂಲು ಹೊರಟ ತಿಂಗಳಲ್ಲೇ ಸಿಕ್ಕಿತು. ನೆದರ್ಲೆಂಡಿನ ಸರ್ಕಾರ ಚೀನೀ ಒಡೆತನದ ನೆಕ್ಸ್‌ಪೀರಿಯಾ ಕಂಪನಿಯ ಆಡಳಿತದಲ್ಲಿ ಕೈಹಾಕಿತು, ಪ್ರತಿಯಾಗಿ ಚೀನಾ ಅಲ್ಲಿಂದ ಹೊರಡುವ ಸರಕನ್ನು ತಡೆಯಿತು. ನೆಕ್ಸ್‌ಪೀರಿಯಾ ಮಾಡುವುದು ಬಲು ಸಾದಾ ಡಯೋಡು, ಟ್ರಾನ್ಸಿಸ್ಟರು. ಬಿಲ್ಲೆಗಳು ಹ್ಯಾಂಬರ್ಗಿನಲ್ಲಿ ತಯಾರಾದರೂ ಕವಚ ಹೊದಿಸುವ ಕೆಲಸದ ಬಹುಪಾಲು ಚೀನಾದ ಡಾಂಗ್‌ಗುವಾನಿನಲ್ಲಿ. ಕೆಲವು ರೂಪಾಯಿಗಳ ಈ ತುಣುಕು ಬಾರದೆ ಲಕ್ಷಗಟ್ಟಲೆ ಬೆಲೆಯ ಕಾರುಗಳ ತಯಾರಿಕೆಗೆ ಅಡ್ಡಿಯಾಯಿತು. ‘ಕೂಲಿಕೆಲಸ’ ಯಾರ ಕೈಲಿದೆ ಎಂಬುದು ಆಗ ಎಲ್ಲರಿಗೂ ಅರ್ಥವಾಯಿತು.

ಸಾಣಂದಿಗೆ ಕಾರ್ಖಾನೆಗಳನ್ನು ಎಳೆದುಕೊಂಡ ಅನುಭವ ಹಳೆಯದು. ಬಂಗಾಳದ ಸಿಂಗೂರಿನಿಂದ 2008ರ ಅಕ್ಟೋಬರಿನಲ್ಲಿ ಟಾಟಾ ನ್ಯಾನೋ ಹೊರಬಿದ್ದಾಗ ಕರ್ನಾಟಕವೂ ಜಾಗ ಕೊಡಲು ಮುಂದಾಗಿತ್ತು, ಗೆದ್ದದ್ದು ಸಾಣಂದ್. ನ್ಯಾನೋ ಸೋತಿತು, ಆದರೆ ರಸ್ತೆ, ಕರೆಂಟು, ನೀರು, ಕೈಗಾರಿಕಾ ಜಮೀನು ಉಳಿದವು. ಫೋರ್ಡ್ ಬಂತು, ಹೋಯಿತು, ಅದರ ಕಾರ್ಖಾನೆಯನ್ನೂ ಟಾಟಾ ಕೊಂಡಿತು. ಕೇಂದ್ರ 2021ರ ಡಿಸೆಂಬರಿನಲ್ಲಿ 76,000 ಕೋಟಿ ರೂಪಾಯಿಯ ಸೆಮಿಕಂಡಕ್ಟರ್ ಯೋಜನೆ ಪ್ರಕಟಿಸಿದ ಮೇಲೆ ಈ ಕ್ಷೇತ್ರಕ್ಕೆಂದೇ ಪ್ರತ್ಯೇಕ ನೀತಿ ತಂದ ಮೊದಲ ರಾಜ್ಯ ಗುಜರಾತ್. ಲೆಕ್ಕ ಸರಳ: ಯೋಜನಾ ವೆಚ್ಚದ ಅರ್ಧವನ್ನು ಕೇಂದ್ರ ಕೊಡುತ್ತದೆ, ಆ ನೆರವಿನ ಶೇ. 40ರಷ್ಟನ್ನು ರಾಜ್ಯ ಸೇರಿಸುತ್ತದೆ. ಅಂದರೆ ನೂರು ರೂಪಾಯಿಯ ಕಾರ್ಖಾನೆಯಲ್ಲಿ ಎಪ್ಪತ್ತು ಸರ್ಕಾರದ್ದು. ಇದು ಜಾಣತನವೋ ದುಂದುಗಾರಿಕೆಯೋ ಎಂದು ವಾದಿಸಬಹುದು. ಕಂಪನಿಗಳು ವಾದಿಸಲಿಲ್ಲ, ಬಂದವು.

ಕೇನ್ಸ್ ನಡೆದ ದಾರಿ ನೋಡಿ. 2023ರಲ್ಲಿ ಮೈಸೂರಿಗೇ ಎಂದು ಕರ್ನಾಟಕದೊಂದಿಗೆ ಒಪ್ಪಂದದ ಮಾತು, ಅದೇ ವರ್ಷ ಹೈದರಾಬಾದ್ ಪಕ್ಕದ ಕೊಂಗರ ಕಲಾನ್‌ನಲ್ಲಿ ಎಂಬ ಘೋಷಣೆ, ಕೊನೆಗೆ 2024ರ ಸೆಪ್ಟೆಂಬರಿನಲ್ಲಿ ಕೇಂದ್ರ ಸಂಪುಟದ ಒಪ್ಪಿಗೆ ಸಿಕ್ಕಿದ್ದು ಸಾಣಂದಿಗೆ: ಸುಮಾರು 3,300 ಕೋಟಿ, ದಿನಕ್ಕೆ 60 ಲಕ್ಷ ಚಿಪ್ಪಿನ ಗುರಿ. ಇದಕ್ಕೂ ಮುಂಚೆ 2022ರಲ್ಲಿ ಐಎಸ್‌ಎಂಸಿ ಎಂಬ ಕೂಟ ಮೈಸೂರಿನಲ್ಲಿ 300 ಕೋಟಿ ಡಾಲರಿನ ಅನಲಾಗ್ ಚಿಪ್ ಕಾರ್ಖಾನೆ ಕಟ್ಟುತ್ತೇನೆಂದು ಸಹಿ ಹಾಕಿ, ಅದರ ತಂತ್ರಜ್ಞಾನದ ಜೊತೆಗಾರ ಟವರ್ ಕಂಪನಿಯನ್ನು ಇಂಟೆಲ್ ಕೊಳ್ಳಲು ಹೊರಟ ಗೊಂದಲದಲ್ಲಿ ನಿಂತುಹೋಗಿತ್ತು. ಉದ್ಯಮಗಳನ್ನು ಒತ್ತಡ ಹಾಕಿ ಗುಜರಾತಿಗೆ, ಅಸ್ಸಾಮಿಗೆ ಒಯ್ಯಲಾಗುತ್ತಿದೆ ಎಂದು ಸಚಿವ ಪ್ರಿಯಾಂಕ್ ಖರ್ಗೆ 2025ರಲ್ಲಿ ದೂರಿದರು, ಅಸ್ಸಾಮಿನಿಂದ ಖಾರವಾದ ಉತ್ತರವೂ ಬಂತು. ಸಹಾಯಧನದ ಬೀಗದ ಕೈ ದೆಹಲಿಯಲ್ಲಿರುವಾಗ ಇಂಥ ಅನುಮಾನ ಸಹಜ. ಆದರೆ ಗುಜರಾತಿಗೂ ಎಲ್ಲ ದಕ್ಕಿಲ್ಲ. 1.54 ಲಕ್ಷ ಕೋಟಿಯ ವೇದಾಂತ-ಫಾಕ್ಸ್‌ಕಾನ್ ಯೋಜನೆ ಸದ್ದು ಮಾಡಿದ್ದೇ ಮಾಡಿದ್ದು, 2023ರ ಜುಲೈಯಲ್ಲಿ ಫಾಕ್ಸ್‌ಕಾನ್ ಹಿಂದೆ ಸರಿಯಿತು.

ಈಗ ಸಾಣಂದಿನಲ್ಲಿ ಮೈಕ್ರಾನ್ ಇದೆ, ಅದು ಮೆಮೊರಿಯ ವಿಷಯ, ಬಿಡಿ. ಸಿಜಿ ಸೆಮಿ ಇದೆ; 7,600 ಕೋಟಿಯ ಯೋಜನೆ, ಪ್ರಾಯೋಗಿಕ ಘಟಕ 2025ರ ಆಗಸ್ಟಿನಲ್ಲಿ ಶುರುವಾಯಿತು. ಅದರ ಪಾಲುದಾರ ಜಪಾನಿನ ರೆನೆಸಾಸ್. ಈ ರೆನೆಸಾಸಿನ ಕಥೆಯಲ್ಲಿ ಜಾಗತಿಕ ಮಾರುಕಟ್ಟೆಯ ಈಚಿನ ಏರಿಳಿತವೆಲ್ಲ ಇದೆ. ಸಿಲಿಕಾನಿಗಿಂತ ಹೆಚ್ಚು ವೋಲ್ಟೇಜು ತಡೆಯುವ, ಕಮ್ಮಿ ನಷ್ಟದ ಸಿಲಿಕಾನ್ ಕಾರ್ಬೈಡನ್ನು ಟೆಸ್ಲಾ ತನ್ನ ಮಾಡೆಲ್ 3 ಕಾರಿಗೆ ಹಾಕಿದ ಮೇಲೆ ಎಲ್ಲರೂ ಅದರ ಹಿಂದೆ ಬಿದ್ದರು. ರೆನೆಸಾಸ್ 2023ರಲ್ಲಿ ಅಮೆರಿಕದ ವುಲ್ಫ್‌ಸ್ಪೀಡ್ ಕಂಪನಿಗೆ 200 ಕೋಟಿ ಡಾಲರ್ ಮುಂಗಡ ಕೊಟ್ಟು ಹತ್ತು ವರ್ಷದ ಬಿಲ್ಲೆ ಕಾದಿರಿಸಿತು. ಅದೇ ವರ್ಷ ಟೆಸ್ಲಾ ತನ್ನ ಮುಂದಿನ ಕಾರಿನಲ್ಲಿ ಈ ವಸ್ತುವನ್ನು ಶೇ. 75ರಷ್ಟು ಕಮ್ಮಿ ಮಾಡುವುದಾಗಿ ಹೇಳಿತು. ಪಶ್ಚಿಮದಲ್ಲಿ ವಿದ್ಯುತ್ ಕಾರಿನ ಬೇಡಿಕೆ ನಿಧಾನವಾಯಿತು, ಚೀನೀ ಕಂಪನಿಗಳ ಬಿಲ್ಲೆ ಬಂದು ದರ ಕುಸಿಯಿತು. 2025ರ ಜೂನ್ ಕೊನೆಯಲ್ಲಿ ವುಲ್ಫ್‌ಸ್ಪೀಡ್ ದಿವಾಳಿ ರಕ್ಷಣೆ ಕೋರಿತು, ರೆನೆಸಾಸ್ ಭಾರಿ ನಷ್ಟ ಬರೆದುಕೊಂಡಿತು. ತಂತ್ರಜ್ಞಾನ ಸೋಲಲಿಲ್ಲ, ಅವಸರ ಸೋತಿತು. ಬೇಡಿಕೆಯ ದಿಕ್ಕು ಈಗಲೂ ಮೇಲಕ್ಕೇ: ಕಾರು, ಸೋಲಾರ್, ಈಗ ಎಐ ದತ್ತಾಂಶ ಕೇಂದ್ರಗಳ ಕರೆಂಟಿನ ಹಸಿವು. ಆದರೆ ಲಾಭ ದಿಕ್ಕನ್ನು ನೋಡಿ ಬರುವುದಿಲ್ಲ. ಸಾಣಂದಿನ ಹೊಸ ಕಾರ್ಖಾನೆಗಳಿಗೆ ನಿಜವಾದ ಪರೀಕ್ಷೆ ಸಹಾಯಧನ ಮುಗಿದು ದರ ಬಿದ್ದ ಮೊದಲ ವರ್ಷ.

ಆ ದೃಷ್ಟಿಯಿಂದ ನನಗೆ ಕುತೂಹಲ ಇರುವುದು ಸೂರತ್ ಮೇಲೆ. ಅಲ್ಲಿ ಜವಳಿ ಕುಟುಂಬವೊಂದು ಕಟ್ಟಿದ ಸೂಚಿ ಸೆಮಿಕಾನ್ 2024ರ ಡಿಸೆಂಬರಿನಲ್ಲಿ ಬಾಗಿಲು ತೆರೆಯಿತು. ಕೆಲಸ ಇದೇ, ಕವಚ ಹೊದಿಸಿ ಪರೀಕ್ಷಿಸುವುದು. ಬಟ್ಟೆಯವರಿಗೆ ಚಿಪ್ ಏಕೆ ಎಂದು ನಗಬೇಡಿ. ಪೈಸೆಯ ಅಂತರದಲ್ಲಿ ಬದುಕುವುದು, ಸಾವಿರಾರು ಕೈಗಳ ಕೆಲಸದಲ್ಲಿ ತಪ್ಪು ಹಿಡಿಯುವುದು ಸೂರತ್ತಿಗೆ ಹೊಸದಲ್ಲ. ಅದೇ ಊರಿನಲ್ಲಿ ರಿಯಾಕ್ಟರುಗಳೊಳಗೆ ಅನಿಲದಿಂದ ವಜ್ರ ಬೆಳೆಸುತ್ತಾರೆ, ಸದ್ಯಕ್ಕೆ ಉಂಗುರ, ಓಲೆಗಾಗಿ. ವಿದ್ಯುತ್ ತಡೆಯುವ, ಶಾಖ ಸಾಗಿಸುವ ಗುಣದಲ್ಲಿ ವಜ್ರ ಸಿಲಿಕಾನ್ ಕಾರ್ಬೈಡನ್ನೂ ಮೀರಿಸುತ್ತದೆ. ದೊಡ್ಡ ದೋಷರಹಿತ ಬಿಲ್ಲೆಯಾಗಿ ಬೆಳೆಸುವುದು ಮಾತ್ರ ಜಗತ್ತಿನ ಪ್ರಯೋಗಾಲಯಗಳಿಗೂ ಇನ್ನೂ ಕಷ್ಟದ ಕೆಲಸವಾಗಿಯೇ ಇದೆ.

ಹಾಲೋಲ್‌ನ ಹಳೆಯ ಕಂಪನಿ ಈಗ ಹೆಸರು ಬದಲಿಸಿ ಆರ್‌ಐಆರ್ ಪವರ್ ಎಲೆಕ್ಟ್ರಾನಿಕ್ಸ್ ಆಗಿದೆ. ಅದೂ ಸಿಲಿಕಾನ್ ಕಾರ್ಬೈಡ್ ಕಾರ್ಖಾನೆ ಕಟ್ಟಲು ಹೊರಟಿದೆ, 618 ಕೋಟಿ ರೂಪಾಯಿಯಲ್ಲಿ. ಜಾಗ ಗುಜರಾತಿನಲ್ಲಲ್ಲ, ಒಡಿಶಾದ ಭುವನೇಶ್ವರದಲ್ಲಿ. ಅಲ್ಲಿನ ಸರ್ಕಾರ ಕೊಟ್ಟ ಸವಲತ್ತು ಹೆಚ್ಚು ಚೆನ್ನಾಗಿ ಕಂಡಿರಬೇಕು.