ಸುರೇಶ್ ಅರಸ್

ಕನ್ನಡ, ತಮಿಳು ಮತ್ತು ಹಿಂದಿ ಚಿತ್ರಗಳ ಸಂಕಲನಕಾರ. ಮಣಿರತ್ನಂ ನಿರ್ದೇಶನದ ‘ತಿರುಡಾ ತಿರುಡಾ’ (1993), ‘ಬಾಂಬೆ’ (1995), ‘ಇರುವರ್’ (1997), ‘ದಿಲ್ ಸೇ’ (1998) ಚಿತ್ರಗಳ ಸಂಕಲನ ಇವರದು. ‘ಬಾಂಬೆ’ಗಾಗಿ ಅತ್ಯುತ್ತಮ ಸಂಕಲನಕ್ಕೆ ರಾಷ್ಟ್ರೀಯ ಪ್ರಶಸ್ತಿ ಪಡೆದರು.

ಕಸುಬು: ಸೆಲ್ಯುಲಾಯ್ಡ್ ಕಾಲದಲ್ಲಿ ಸಂಕಲನ ಕೈಕೆಲಸವಾಗಿತ್ತು. 35 ಮಿ.ಮೀ. ಫಿಲ್ಮಿನ ಒಂದು ಅಡಿಯಲ್ಲಿ 16 ಫ್ರೇಮುಗಳು. ತೆರೆಯ ಮೇಲೆ ಸೆಕೆಂಡಿಗೆ 24 ಫ್ರೇಮು ಓಡುತ್ತವೆ. ಚಿತ್ರೀಕರಿಸಿದ ಫಿಲ್ಮಿನ ಪ್ರತಿಯನ್ನು ಮೂವಿಯೋಲಾ ಅಥವಾ ಸ್ಟೀನ್‌ಬೆಕ್ ಯಂತ್ರದಲ್ಲಿ ಹಿಂದೆ ಮುಂದೆ ಓಡಿಸಿ, ಗುರುತು ಹಾಕಿ, ಕತ್ತರಿಸಿ, ಟೇಪಿನಿಂದ ಅಂಟಿಸಬೇಕಿತ್ತು. ಧ್ವನಿಯ ಪಟ್ಟಿ ಪ್ರತ್ಯೇಕವಾಗಿರುತ್ತಿದ್ದುದರಿಂದ ಕೆಲವೇ ಫ್ರೇಮು ತಪ್ಪಿದರೂ ತುಟಿ–ಮಾತು ಹೊಂದುತ್ತಿರಲಿಲ್ಲ. ‘ದಿಲ್ ಸೇ’ಯ ‘ಛೈಯ್ಯಾ ಛೈಯ್ಯಾ’ ಹಾಡು ಚಲಿಸುವ ನೀಲಗಿರಿ ರೈಲಿನ ಮೇಲೆ ಚಿತ್ರಿತವಾದದ್ದು. ಇಂಥ ಕಡೆ ನೃತ್ಯದ ಹೆಜ್ಜೆ, ತಾಳ, ರೈಲು ಸಾಗುವ ದಿಕ್ಕು ಈ ಮೂರೂ ಪ್ರತಿ ಕತ್ತರಿಕೆಯಲ್ಲಿ ಕೂಡಿಬರಬೇಕು.

ಇದಕ್ಕೆ ವ್ಯತಿರಿಕ್ತವಾಗಿ, ಫ್ರಾನ್ಸಿನ ಸೆಸೀಲ್ ದೆಕ್ಯೂಜಿ ಅವರು ನಿರ್ದೇಶಕ ಗೊದಾರ್‌ರ ‘ಬ್ರೆತ್‌ಲೆಸ್’ (1960) ಸಂಕಲಿಸಿದಾಗ ಕತ್ತರಿಕೆಯ ಜಿಗಿತ ಕಣ್ಣಿಗೆ ಹೊಡೆಯುವಂತೆಯೇ ಉಳಿಯಿತು. ಆದರೆ ಭಾರತದ ಜನಪ್ರಿಯ ಚಿತ್ರದ ಸಂಕಲನಕಾರನಿಗೆ ಹಾಡು, ಕತೆ, ಭಾವಗಳನ್ನು ಒಂದೇ ಓಟದಲ್ಲಿ ಹೊಸೆಯುವ ಸವಾಲು. ಆ ಸವಾಲನ್ನು ಗೆದ್ದ ಪ್ರಮುಖರಲ್ಲಿ ಅರಸ್ ಒಬ್ಬರು.